ಈಜುಕೊಳದ ಬಿಳಿಯ ಪಟ್ಟೆ

ಈಜುಕೊಳವೊಂದರ ದಂಡೆಯಲ್ಲಿ ನಿಂತು ನೀರಿನ ಮಟ್ಟದ ಕಡೆಗೆ ಕಣ್ಣು ಹಾಯಿಸಿದರೆ, ಗೋಡೆಗೆ ಹೊದಿಸಿರುವ ನೀಲಿ ಟೈಲುಗಳ ಮೇಲೆ ಸುತ್ತಲೂ ಒಂದು ಬಿಳಿಯ ಪಟ್ಟೆ ಕಾಣುವುದುಂಟು. ಹೊಸ ಕೊಳದಲ್ಲಿ ಅದು ಇರುವುದಿಲ್ಲ. ಎರಡು ಮೂರು ಬೇಸಿಗೆಗಳನ್ನು ಕಂಡ ಕೊಳದಲ್ಲಿ ಅದು ಇಲ್ಲದಿರುವುದು ಅಪರೂಪ. ಬೆರಳಿನಿಂದ ಮುಟ್ಟಿದರೆ ಉಪ್ಪುಕಾಗದದಂತೆ ಒರಟಾಗಿರುತ್ತದೆ. ಬಟ್ಟೆಯಿಂದ ಒರೆಸಿದರೆ ಹೋಗದು, ಸಾಬೂನಿಗೆ ಜಗ್ಗದು. ಅದರ ಜೊತೆಗೆ ಅಲ್ಲಲ್ಲಿ ಕಂದು ಕಲೆಗಳು, ಟೈಲುಗಳ ಸಂದುಗಳಲ್ಲಿ ಹಸಿರು ಅಥವಾ ಕಪ್ಪು ಗೆರೆಗಳು, ನೀರಿನ ಮಟ್ಟಕ್ಕೆ ಸರಿಯಾಗಿ ಜಿಡ್ಡಿನದೊಂದು ಎಳೆ. ಇವನ್ನೆಲ್ಲ ತೆಗೆಯುವ ಬಗೆ ಹೇಗೆಂದು ಕೊಳವನ್ನು ನೋಡಿಕೊಳ್ಳುವವರನ್ನು ಕೇಳಿದರೆ 'ಆಸಿಡ್ ಹಾಕಿದರೆ ಹೋಗುತ್ತದೆ' ಎಂಬ ಉತ್ತರ ಸಾಮಾನ್ಯವಾಗಿ ದೊರೆಯುತ್ತದೆ. ಈ ಮಾತಿನಲ್ಲಿ ಅರ್ಧ ಸತ್ಯವಿದೆ. ಉಳಿದರ್ಧವನ್ನು ತಿಳಿಯದೆ ಕೆಲಸಕ್ಕೆ ಇಳಿದರೆ ಟೈಲು ಕೆಡಬಹುದು. ಇಳಿದವನ ಪ್ರಾಣಕ್ಕೂ ಅಪಾಯ ಒದಗಬಹುದು. ಆದುದರಿಂದ ಈ ಪಟ್ಟೆ ಯಾವ ವಸ್ತುವಿನಿಂದ ಆದದ್ದು, ಎಲ್ಲಿಂದ ಬಂತು, ನೀರಿನ ಅಂಚಿನಲ್ಲಿಯೇ ಏಕೆ ನಿಂತಿತು ಎಂಬುದನ್ನು ಮೊದಲು ವಿಚಾರಿಸೋಣ.

ವಸ್ತು ನಮಗೆ ಹೊಸದೇನಲ್ಲ. ಬಚ್ಚಲುಮನೆಯ ಹಂಡೆಯ ಒಳಮೈಗೆ ವರ್ಷಗಟ್ಟಲೆ ಅಂಟಿಕೊಂಡು ದಪ್ಪವಾಗುವ ಬಿಳಿಯ ಹಕ್ಕಳೆಯೂ ಇದೇ. 'ಈ ಬಾವಿಯ ನೀರಿನಲ್ಲಿ ಬೇಳೆ ಬೇಯುವುದಿಲ್ಲ', 'ಈ ನೀರಿಗೆ ಸಾಬೂನು ನೊರೆ ಬರುವುದಿಲ್ಲ' ಎಂದು ಮನೆಗಳಲ್ಲಿ ಆಡುವ ಮಾತು ರಸಾಯನಶಾಸ್ತ್ರದಲ್ಲಿ 'ಗಡಸು ನೀರು' ಎಂದು ಹೆಸರಾದ ನೀರನ್ನೇ ಕುರಿತದ್ದು. ಅಂತಹ ನೀರಿನಲ್ಲಿ ಕ್ಯಾಲ್ಸಿಯಂ ಮತ್ತು ಮೆಗ್ನೀಸಿಯಂ ಲವಣಗಳು ಕರಗಿರುತ್ತವೆ. ನೋಟಕ್ಕೆ ನೀರು ಸ್ಫಟಿಕದಂತೆ ತಿಳಿಯಾಗಿದ್ದರೂ ಒಂದೊಂದು ಲೀಟರಿನಲ್ಲಿಯೂ ನೂರಾರು ಮಿಲಿಗ್ರಾಂ ಕಲ್ಲು ಅಡಗಿರಬಹುದು. ಭಾರತೀಯ ಮಾನಕ ಸಂಸ್ಥೆಯು ೨೦೧೨ರ ತನ್ನ ಮಾನಕದಲ್ಲಿ ಕುಡಿಯುವ ನೀರಿನ ಗಡಸುತನ ಲೀಟರಿಗೆ ೨೦೦ ಮಿಲಿಗ್ರಾಂ ಮೀರದಿದ್ದರೆ ಒಳ್ಳೆಯದೆಂದೂ, ಬೇರೆ ನೀರು ದೊರೆಯದ ಕಡೆ ೬೦೦ರ ವರೆಗೆ ಸಹಿಸಬಹುದೆಂದೂ ಹೇಳಿದೆ. ನಮ್ಮ ನಾಡಿನ ಬಯಲುಸೀಮೆಯ ಎಷ್ಟೋ ಕೊಳವೆಬಾವಿಗಳ ನೀರು ಇವೆರಡು ಅಂಕೆಗಳ ನಡುವೆ ನಿಲ್ಲುತ್ತದೆ. ಇಂತಹ ನೀರನ್ನು ತುಂಬಿದ ಈಜುಕೊಳ ಬೇಸಿಗೆಯ ಬಿಸಿಲಿಗೆ ಮೈಯೊಡ್ಡಿದ ಒಂದು ದೊಡ್ಡ ಹಂಡೆ ಎಂದರೆ ಉತ್ಪ್ರೇಕ್ಷೆಯಾಗದು.

ಕಲ್ಲು ನೀರಿನಲ್ಲಿ ಅಡಗುವುದು ಹೇಗೆ? ಇದಕ್ಕೆ ಉತ್ತರವನ್ನು ಪ್ರೌಢಶಾಲೆಯ ಒಂದು ಪ್ರಯೋಗವೇ ಕೊಡುತ್ತದೆ. ಸುಣ್ಣದ ತಿಳಿನೀರಿಗೆ ಕೊಳವೆಯ ಮೂಲಕ ಉಸಿರನ್ನು ಊದಿದರೆ ಅದು ಹಾಲಿನಂತೆ ಬಿಳುಪಾಗುತ್ತದೆ. ನಮ್ಮ ಉಸಿರಿನಲ್ಲಿರುವ ಇಂಗಾಲದ ಡೈಆಕ್ಸೈಡ್ ಸುಣ್ಣದೊಡನೆ ಕೂಡಿ ಕ್ಯಾಲ್ಸಿಯಂ ಕಾರ್ಬೊನೇಟ್ ಆಯಿತು. ಅದು ನೀರಿನಲ್ಲಿ ಕರಗುವುದು ಬಹಳ ಸ್ವಲ್ಪವಾದ್ದರಿಂದ ಒತ್ತರವಾಗಿ ತೇಲಿತು. ಸಾಮಾನ್ಯವಾಗಿ ವಿದ್ಯಾರ್ಥಿಗಳು ಇಲ್ಲಿಗೆ ಪ್ರಯೋಗವನ್ನು ಮುಗಿಸಿ ಗಾಜಿನ ನಳಿಗೆಯನ್ನು ತೊಳೆದಿಡುತ್ತಾರೆ. ನಿಜವಾದ ಸ್ವಾರಸ್ಯ ಇರುವುದು ಆಮೇಲೆ. ಅದೇ ಹಾಲುನೀರಿಗೆ ಇಂಗಾಲದ ಡೈಆಕ್ಸೈಡನ್ನು ಹಾಯಿಸುತ್ತಲೇ ಹೋದರೆ ನೀರು ಮತ್ತೆ ತಿಳಿಯಾಗುತ್ತದೆ. (ಉಸಿರಿನಿಂದ ಇದು ಬಹಳ ತಡ, ಅಮೃತಶಿಲೆಯ ಚೂರುಗಳ ಮೇಲೆ ಆಮ್ಲ ಸುರಿದು ಪಡೆದ ಅನಿಲವಾದರೆ ಬೇಗ ಫಲ ಕಾಣುತ್ತದೆ.) ಕರಗದ ಕಾರ್ಬೊನೇಟು ಅನಿಲವನ್ನೂ ನೀರನ್ನೂ ಕೂಡಿಸಿಕೊಂಡು ಕರಗುವ ಬೈಕಾರ್ಬೊನೇಟಾಗಿದೆ. ಇನ್ನು ಮೂರನೆಯ ಹೆಜ್ಜೆ: ತಿಳಿಯಾದ ಈ ನೀರನ್ನು ಕಾಯಿಸಿ. ಅನಿಲ ಹೊರಟುಹೋಗುತ್ತದೆ, ಬಿಳಿಯ ಒತ್ತರ ಮರಳಿ ಬರುತ್ತದೆ.

ಈ ಮೂರು ಹೆಜ್ಜೆಗಳೂ ಪ್ರಕೃತಿಯಲ್ಲಿ ನಡೆಯುತ್ತಲೇ ಇರುತ್ತವೆ. ಮಳೆಯ ನೀರು ಮಣ್ಣಿನೊಳಗೆ ಇಳಿಯುವಾಗ ಬೇರುಗಳೂ ಸೂಕ್ಷ್ಮಜೀವಿಗಳೂ ಹೊರಬಿಟ್ಟ ಇಂಗಾಲದ ಡೈಆಕ್ಸೈಡನ್ನು ಹೀರಿಕೊಂಡು ಸೌಮ್ಯವಾದ ಆಮ್ಲವಾಗುತ್ತದೆ. ಆ ಆಮ್ಲವು ಬಂಡೆಯಿಂದ ಕ್ಯಾಲ್ಸಿಯಮ್ಮನ್ನು ಕರಗಿಸಿ ಬೈಕಾರ್ಬೊನೇಟಿನ ರೂಪದಲ್ಲಿ ಹೊತ್ತುಕೊಂಡು ಬರುತ್ತದೆ. ಗಾಳಿಯನ್ನು ಕಂಡೊಡನೆ ಅನಿಲವನ್ನು ಬಿಟ್ಟುಕೊಡುತ್ತದೆ. ಹೊತ್ತ ಕಲ್ಲನ್ನು ಇಳಿಸುತ್ತದೆ. ಆಂಧ್ರಪ್ರದೇಶದ ಬೊರ್‍ರಾ ಗುಹೆಗಳಲ್ಲಿ ಚಾವಣಿಯಿಂದ ಇಳಿಬಿದ್ದಿರುವ ಸುಣ್ಣದ ಕಂಬಗಳು ಹೀಗೆ ಹನಿಹನಿಯಾಗಿ ಬೆಳೆದವು. ಜರ್ಮನಿಯ ಕೊಲೋನ್ ನಗರಕ್ಕೆ ರೋಮನರು ಐಫೆಲ್ ಬೆಟ್ಟಗಳಿಂದ ಸುಮಾರು ೯೫ ಕಿಲೋಮೀಟರ್ ಉದ್ದದ ಕಾಲುವೆಯಲ್ಲಿ ನೀರು ತಂದಿದ್ದರು. ಆ ನೀರು ಎಷ್ಟು ಗಡಸಾಗಿತ್ತೆಂದರೆ, ಕಾಲುವೆಯ ಒಳಗೋಡೆಯ ಮೇಲೆ ಕೆಲವೆಡೆ ಗೇಣಿನಷ್ಟು ದಪ್ಪದ ಹಕ್ಕಳೆ ಕಟ್ಟಿತು. ಕಾಲುವೆ ಹಾಳುಬಿದ್ದ ಶತಮಾನಗಳ ಬಳಿಕ ಜನರು ಆ ಹಕ್ಕಳೆಯನ್ನೇ ಗಣಿಯಂತೆ ಕಡಿದು, ನಯಮಾಡಿ, ಚರ್ಚುಗಳ ಕಂಬಗಳಿಗೂ ವೇದಿಕೆಗಳಿಗೂ ಅಮೃತಶಿಲೆಯಾಗಿ ಬಳಸಿದರು! ನಮ್ಮ ಈಜುಕೊಳದ ಪಟ್ಟೆಯು ಇದೇ ಶಿಲೆಯ ಶೈಶವಾವಸ್ಥೆ. ಅಲಂಕಾರಕ್ಕೆಂದು ಕೊಳಕ್ಕೆ ಸಣ್ಣ ಜಲಪಾತವನ್ನೋ ಕಾರಂಜಿಯನ್ನೋ ಜೋಡಿಸಿದ್ದರೆ ಅಲ್ಲಿ ಹಕ್ಕಳೆ ಎಲ್ಲಕ್ಕಿಂತ ದಪ್ಪವಾಗಿರುವುದನ್ನು ಕಾಣಬಹುದು. ನೀರು ಚಿಮ್ಮಿ ಬೀಳುವಾಗ ಅನಿಲ ಬೇಗ ಹಾರಿಹೋಗುತ್ತದೆಯಷ್ಟೆ.

ಇನ್ನು, ಇಡೀ ಗೋಡೆಯನ್ನು ಬಿಟ್ಟು ನೀರಿನ ಅಂಚಿನಲ್ಲಿಯೇ ಪಟ್ಟೆ ಮೂಡುವುದೇಕೆ? ಈಜುವವರು ಎಬ್ಬಿಸಿದ ಅಲೆಗಳು ಟೈಲನ್ನು ತೋಯಿಸಿ ಹಿಂದೆಗೆಯುತ್ತವೆ. ಟೈಲಿನ ಮೇಲೆ ಉಳಿದ ತೆಳುವಾದ ನೀರಿನ ಪದರ ಬಿಸಿಲಿಗೆ ಒಣಗುತ್ತದೆ. ನೀರು ಆವಿಯಾಗುವುದೇ ಹೊರತು ಸುಣ್ಣ ಆವಿಯಾಗುವುದಿಲ್ಲ. ಒಂದು ಸಲ ಒರಟು ಪದರ ಕುಳಿತಮೇಲೆ ಅದರ ಸೂಕ್ಷ್ಮ ರಂಧ್ರಗಳು ದೀಪದ ಬತ್ತಿ ಎಣ್ಣೆಯನ್ನು ಹೀರುವಂತೆ ನೀರನ್ನು ಮೇಲಕ್ಕೆ ಹೀರುತ್ತವೆ. ಹೀಗಾಗಿ ಪಟ್ಟೆಯು ತನ್ನ ಬೆಳವಣಿಗೆಗೆ ತಾನೇ ನೆರವಾಗುತ್ತದೆ. ಮೇಜಿನ ಮೇಲೆ ಚೆಲ್ಲಿದ ಕಾಫಿಯ ಹನಿ ಒಣಗಿದಾಗ ನಡುವೆ ತೆಳುವಾಗಿ, ಅಂಚಿನಲ್ಲಿ ಗಾಢವಾಗಿ ಉಂಗುರ ಮೂಡುವುದನ್ನು ಎಲ್ಲರೂ ನೋಡಿದ್ದೇವೆ. ಇಷ್ಟು ಸಾಮಾನ್ಯವಾದ ಸಂಗತಿಗೆ ಸರಿಯಾದ ವಿವರಣೆ ಬಂದದ್ದು ೧೯೯೭ರಲ್ಲಿ, ಷಿಕಾಗೋ ವಿಶ್ವವಿದ್ಯಾನಿಲಯದ ರಾಬರ್ಟ್ ಡೀಗನ್ ಮತ್ತು ಸಂಗಡಿಗರಿಂದ. ಹನಿಯ ಅಂಚಿನಲ್ಲಿ ನೀರು ಬೇಗ ಆವಿಯಾಗುತ್ತದೆ. ಆ ನಷ್ಟವನ್ನು ತುಂಬಲು ನಡುವಿನಿಂದ ನೀರು ಅಂಚಿಗೆ ಹರಿಯುತ್ತದೆ. ಹರಿಯುವಾಗ ತನ್ನಲ್ಲಿರುವ ಕಣಗಳನ್ನೂ ಒಯ್ದು ಅಲ್ಲಿ ಬಿಡುತ್ತದೆ. ಟೈಲಿನ ಮೇಲೆ ಸಿಡಿದ ಪ್ರತಿಯೊಂದು ಹನಿಯೂ ಇಂತಹದೊಂದು ಉಂಗುರವನ್ನು ಬಿಟ್ಟು ಹೋಗಬಲ್ಲದು.

ಪಟ್ಟೆಗೆ ಬೇಕಾದ ಸರಕು ಎಷ್ಟು ದೊರೆಯುತ್ತದೆಂಬುದನ್ನು ಸ್ವಲ್ಪ ಲೆಕ್ಕ ಹಾಕಿ ನೋಡೋಣ. ೨೫ ಮೀಟರ್ ಉದ್ದ, ೧೦ ಮೀಟರ್ ಅಗಲ, ಸರಾಸರಿ ಒಂದೂವರೆ ಮೀಟರ್ ಆಳದ ಕೊಳವನ್ನು ತೆಗೆದುಕೊಳ್ಳಿ. ಅದರಲ್ಲಿ ೩,೭೫,೦೦೦ ಲೀಟರ್ ನೀರು ಹಿಡಿಯುತ್ತದೆ. ಬೇಸಿಗೆಯಲ್ಲಿ ದಿನಕ್ಕೆ ೫ ಮಿಲಿಮೀಟರ್ ನೀರು ಆವಿಯಾಗುತ್ತದೆಂದು ಇಟ್ಟುಕೊಂಡರೆ ೧,೨೫೦ ಲೀಟರ್ ನಷ್ಟ. ಅದನ್ನು ತುಂಬಲು ಲೀಟರಿಗೆ ೩೦೦ ಮಿಲಿಗ್ರಾಂ ಗಡಸುತನದ ನೀರನ್ನು ಬಿಟ್ಟರೆ ದಿನವೂ ೩೭೫ ಗ್ರಾಂ ಕಲ್ಲನ್ನು ಕೊಳಕ್ಕೆ ಸುರಿದಂತಾಯಿತು. ತಿಂಗಳಿಗೆ ಹನ್ನೊಂದು ಕಿಲೋಗ್ರಾಮಿಗೂ ಮಿಗಿಲು! ಕೊಳದ ನೀರಿನ ಗಡಸುತನ ತಿಂಗಳಿಗೆ ಲೀಟರಿಗೆ ೩೦ ಮಿಲಿಗ್ರಾಮಿನಂತೆ ಏರಿ, ಮಳೆಯೂ ಬಾರದೆ ಹಳೆಯ ನೀರನ್ನೂ ಬದಲಿಸದೆ ಇದ್ದರೆ, ಹತ್ತು ತಿಂಗಳಲ್ಲಿ ಎರಡರಷ್ಟಾಗುತ್ತದೆ.

ಆದರೂ ಗಡಸುತನವೊಂದೇ ಎಲ್ಲವನ್ನೂ ನಿರ್ಧರಿಸುವುದಿಲ್ಲ. ನೀರಿನ ಪಿ.ಎಚ್., ಅದರ ಕ್ಷಾರತೆ, ಉಷ್ಣತೆ ಇವೂ ಲೆಕ್ಕಕ್ಕೆ ಬರುತ್ತವೆ. ಸಕ್ಕರೆಯೂ ಉಪ್ಪೂ ಬಿಸಿನೀರಿನಲ್ಲಿ ಹೆಚ್ಚು ಕರಗುತ್ತವೆ. ಕ್ಯಾಲ್ಸಿಯಂ ಕಾರ್ಬೊನೇಟು ಅದಕ್ಕೆ ವಿರುದ್ಧವಾಗಿ, ನೀರು ಬಿಸಿಯಾದಷ್ಟೂ ಕಡಮೆ ಕರಗುತ್ತದೆ. ೧೯೩೬ರಲ್ಲಿ ಕ್ಯಾಲಿಫೋರ್ನಿಯ ವಿಶ್ವವಿದ್ಯಾನಿಲಯದ ವಿಲ್ಫ್ರೆಡ್ ಲಾಂಜೆಲಿಯರ್ ಈ ಅಂಶಗಳನ್ನೆಲ್ಲ ಕೂಡಿಸಿ ಒಂದು ಸೂಚಿಯನ್ನು ರೂಪಿಸಿದ. ಸೂಚಿ ಸೊನ್ನೆಗಿಂತ ಹೆಚ್ಚಾದರೆ ನೀರು ಸುಣ್ಣವನ್ನು ಇಳಿಸುತ್ತದೆ, ಕಡಮೆಯಾದರೆ ಸುಣ್ಣವನ್ನು ಕರಗಿಸಿಕೊಳ್ಳುತ್ತದೆ. ಇದರಲ್ಲೊಂದು ತಮಾಷೆಯಿದೆ: ಲಾಂಜೆಲಿಯರನ ಉದ್ದೇಶ ಹಕ್ಕಳೆಯನ್ನು ತಡೆಯುವುದಾಗಿರಲಿಲ್ಲ, ಕಬ್ಬಿಣದ ಕೊಳವೆಗಳು ತುಕ್ಕು ಹಿಡಿಯದಂತೆ ಒಳಗೆ ತೆಳುವಾದ ಹಕ್ಕಳೆಯನ್ನು ಬೇಕೆಂದೇ ಕೂರಿಸುವುದಾಗಿತ್ತು! ಈಜುಕೊಳಕ್ಕೆ ಎರಡು ತುದಿಗಳೂ ಕೆಟ್ಟವು. ಸುಣ್ಣದ ಹಸಿವುಳ್ಳ ನೀರು ಟೈಲುಗಳ ಸಂದಿನ ಸಿಮೆಂಟನ್ನೇ ತಿನ್ನುತ್ತದೆ. ಆದುದರಿಂದ ಪಿ.ಎಚ್. ೭.೨ರಿಂದ ೭.೮ರ ಒಳಗೆ, ಕ್ಯಾಲ್ಸಿಯಂ ಗಡಸುತನ ಲೀಟರಿಗೆ ೨೦೦ರಿಂದ ೪೦೦ ಮಿಲಿಗ್ರಾಮಿನ ಒಳಗೆ ಇರಬೇಕೆಂಬುದು ಸಾಮಾನ್ಯ ನಿಯಮ. ಕೊಳವನ್ನು ಶುದ್ಧವಾಗಿಡಲು ಹಾಕುವ ದ್ರವರೂಪದ ಹೈಪೊಕ್ಲೋರೈಟು ಕ್ಷಾರವಾದ್ದರಿಂದ ಪಿ.ಎಚ್. ಮೇಲೇರುತ್ತದೆ. ಚಲುವೆ ಪುಡಿಯಾದರೋ ಸುಣ್ಣಕ್ಕೆ ಕ್ಲೋರಿನ್ ಹೀರಿಸಿ ಮಾಡಿದ್ದು. ಅದು ಕ್ರಿಮಿಗಳನ್ನು ಕೊಂದು ತನ್ನ ಸುಣ್ಣವನ್ನು ಕೊಳಕ್ಕೇ ಬಿಟ್ಟುಕೊಡುತ್ತದೆ.

ಕಲೆಯ ಗುರುತು

ಕೊಳದ ಟೈಲಿನ ಮೇಲಿರುವುದೆಲ್ಲ ಸುಣ್ಣವಲ್ಲ. ವೈದ್ಯನು ರೋಗವನ್ನು ಗುರುತಿಸಿದ ಮೇಲಲ್ಲವೆ ಔಷಧ ಕೊಡುವುದು? ಹಕ್ಕಳೆಯ ಚೂರೊಂದನ್ನು ಕೆರೆದು ತಟ್ಟೆಯಲ್ಲಿಟ್ಟು ಎರಡು ತೊಟ್ಟು ವಿನಿಗರನ್ನು ಬಿಡಬೇಕು. ಬುಸುಗುಟ್ಟಿ ಗುಳ್ಳೆಗಳೆದ್ದರೆ ಕಾರ್ಬೊನೇಟು. ಗುಳ್ಳೆಗಳು ಇಂಗಾಲದ ಡೈಆಕ್ಸೈಡಿನವು. ಗುಳ್ಳೆ ಏಳದಿದ್ದರೆ ಅದು ಜಿಪ್ಸಂ ಇರಬಹುದು, ಅಥವಾ ಹಳೆಯ ಕೊಳಗಳಲ್ಲಿ ಬೂದುಬಣ್ಣದ ಗಟ್ಟಿ ಪದರವಾಗಿ ಕೂರುವ ಕ್ಯಾಲ್ಸಿಯಂ ಸಿಲಿಕೇಟ್ ಇರಬಹುದು. ಈ ಸಿಲಿಕೇಟಿನ ಮುಂದೆ ಸೌಮ್ಯವಾದ ಆಮ್ಲಗಳ ಆಟ ನಡೆಯದು. ಬಿಳುಪು ಸಂದಿನಿಂದ ಹೊರಟು ಕೆಳಕ್ಕೆ ಇಳಿದಿದ್ದರೆ ಅದಕ್ಕೆ ಕೊಳದ ನೀರು ಕಾರಣವಲ್ಲ. ಟೈಲಿನ ಹಿಂದೆ ಸೇರಿಕೊಂಡ ನೀರು ಸಿಮೆಂಟಿನ ಸುಣ್ಣವನ್ನು ಕರಗಿಸಿ ಹೊರಗೆ ತರುತ್ತಿದೆ. ಅಲ್ಲಿ ಎಷ್ಟು ಉಜ್ಜಿದರೂ ಮತ್ತೆ ಬರುತ್ತದೆ. ಸಂದನ್ನು ದುರಸ್ತಿ ಮಾಡಿಸಬೇಕು.

ಕಂದುಬಣ್ಣದ ಕಲೆಗಳಲ್ಲಿ ಎರಡು ಬಗೆ. ಕೊಳವೆಬಾವಿಯ ನೀರಿನಲ್ಲಿ ಕರಗಿರುವ ಕಬ್ಬಿಣಕ್ಕೆ ಮೊದಲು ಬಣ್ಣವಿರುವುದಿಲ್ಲ; ಕ್ಲೋರಿನ್ ಹಾಕಿದೊಡನೆ ಅದು ಉತ್ಕರ್ಷಣಗೊಂಡು ತುಕ್ಕಾಗಿ ಕೂರುತ್ತದೆ. ನಿನ್ನೆ ತಿಳಿಯಾಗಿದ್ದ ಕೊಳ ಇಂದು ಚಹದ ಬಣ್ಣಕ್ಕೆ ತಿರುಗಿದರೆ ಕಾರಣ ಸಾಮಾನ್ಯವಾಗಿ ಇದೇ. ಇನ್ನೊಂದು, ಉದುರಿದ ಎಲೆ ಹೂವುಗಳ ಕಷಾಯದಿಂದಾದ ಕಲೆ. ಎರಡನ್ನೂ ಬೇರ್ಪಡಿಸಲು ಒಂದು ಸುಲಭವಾದ ಪರೀಕ್ಷೆ ಉಂಟು. 'ಸಿ' ಜೀವಸತ್ವದ ಗುಳಿಗೆಯೊಂದನ್ನು ಕಲೆಗೆ ಒತ್ತಿ ಅರ್ಧ ನಿಮಿಷ ಹಿಡಿದರೆ ಕಬ್ಬಿಣದ ಕಲೆ ಅಲ್ಲಿ ತಿಳಿಯಾಗುತ್ತದೆ. ಆ ಜೀವಸತ್ವ ಅಪಕರ್ಷಣಕಾರಿ. ತುಕ್ಕಿನ ಕಬ್ಬಿಣವನ್ನು ಮತ್ತೆ ಕರಗುವ ರೂಪಕ್ಕೆ ಇಳಿಸುತ್ತದೆ. ಎಲೆಯ ಕಲೆ ಅದಕ್ಕೆ ಜಗ್ಗದು, ಕ್ಲೋರಿನ್ನಿಗೆ ಜಗ್ಗುತ್ತದೆ. ಕಪ್ಪಾದ ಕಲೆ ಮ್ಯಾಂಗನೀಸಿನದಾಗಿರಬಹುದು. ನೀಲಿಹಸಿರು ಕಲೆ ತಾಮ್ರದ್ದು. ಅಡಕೆಯ ಕೊಳೆರೋಗಕ್ಕೆ ಮೈಲುತುತ್ತವನ್ನೂ ಸುಣ್ಣವನ್ನೂ ಬೆರೆಸಿ ಬೋರ್ಡೋ ದ್ರಾವಣ ಸಿಂಪಡಿಸುವ ಮಲೆನಾಡಿನವರಿಗೆ ಆ ಬಣ್ಣದ ಪರಿಚಯ ಚೆನ್ನಾಗಿರುತ್ತದೆ. ಪಾಚಿಯನ್ನು ಕೊಲ್ಲಲು ಕೊಳಕ್ಕೆ ಹಾಕುವುದೂ ಅದೇ ಮೈಲುತುತ್ತ. ಕೊಳದಲ್ಲಿ ಈಜಿದವರ ನರೆಗೂದಲು ಕೆಲವೊಮ್ಮೆ ಹಸಿರಾಗುವುದನ್ನು ಕ್ಲೋರಿನ್ನಿನ ತಲೆಗೆ ಕಟ್ಟುತ್ತಾರೆ, ಬಣ್ಣ ತಾಮ್ರದ್ದು.

ನೀರಿನ ಮಟ್ಟದ ಜಿಡ್ಡಿನ ಎಳೆಯಾದರೋ ನಾವೇ ತಂದದ್ದು. ತಲೆಗೆ ಹಚ್ಚಿದ ಎಣ್ಣೆ, ಮೈಯ ಜಿಡ್ಡು, ಮುಲಾಮುಗಳು ನೀರಿಗಿಂತ ಹಗುರವಾದ್ದರಿಂದ ತೇಲಿ ಅಂಚಿಗೆ ಸೇರುತ್ತವೆ. ಅಡಿಗೆ ಸೋಡದ ಹಿಟ್ಟನ್ನು ಒದ್ದೆಬಟ್ಟೆಗೆ ಹಚ್ಚಿ ಉಜ್ಜಿದರೆ ಹೋಗುತ್ತದೆ. ಈಜುವ ಮುನ್ನ ಸ್ನಾನ ಮಾಡಬೇಕೆಂಬ ನಿಯಮಕ್ಕೆ ಇದೂ ಒಂದು ಕಾರಣ.

ತೆಗೆಯುವ ಬಗೆ

ಈಗ ಸುಣ್ಣದ ಪಟ್ಟೆಗೆ ಬರೋಣ. ನಮ್ಮ ಅಜ್ಜಿಯರು ಹಿತ್ತಾಳೆಯ ಪಾತ್ರೆಗಳನ್ನು ಹುಣಸೆಹಣ್ಣಿನಿಂದ ಬೆಳಗುತ್ತಿದ್ದಾಗ ಬಳಸಿದ್ದು ಆಮ್ಲವನ್ನೇ. ವಿನಿಗರಿನಲ್ಲಿ ನೂರಕ್ಕೆ ನಾಲ್ಕೈದು ಪಾಲು ಅಸಿಟಿಕ್ ಆಮ್ಲವಿದೆ. ನಿಂಬೆಹಣ್ಣಿನಲ್ಲಿ ಸಿಟ್ರಿಕ್ ಆಮ್ಲವಿದೆ. ಇವು ಹಕ್ಕಳೆಯನ್ನು ಕರಗಿಸುತ್ತವೆ, ಸಂದೇಹವಿಲ್ಲ. ಆದರೆ ಎಷ್ಟು ಬೇಕಾದೀತು? ನಾವು ಲೆಕ್ಕಕ್ಕೆ ತೆಗೆದುಕೊಂಡ ಕೊಳದ ಸುತ್ತಳತೆ ೭೦ ಮೀಟರ್. ಪಟ್ಟೆಯ ಅಗಲ ೧೦ ಸೆಂಟಿಮೀಟರ್, ದಪ್ಪ ಒಂದೇ ಮಿಲಿಮೀಟರ್ ಎನ್ನೋಣ. ಅದರ ಗಾತ್ರ ಏಳು ಲೀಟರ್. ಕ್ಯಾಲ್ಸೈಟ್ ನೀರಿಗಿಂತ ೨.೭ರಷ್ಟು ಭಾರವಾದ್ದರಿಂದ ತೂಕ ಸುಮಾರು ೧೯ ಕಿಲೋಗ್ರಾಂ. ನೂರು ಗ್ರಾಂ ಕ್ಯಾಲ್ಸಿಯಂ ಕಾರ್ಬೊನೇಟಿಗೆ ೧೨೦ ಗ್ರಾಂ ಅಸಿಟಿಕ್ ಆಮ್ಲ, ಎಂದರೆ ನೂರಕ್ಕೆ ನಾಲ್ಕರ ಬಲದ ವಿನಿಗರು ಮೂರು ಲೀಟರ್ ಬೇಕು. ಹತ್ತೊಂಬತ್ತು ಕಿಲೋಗ್ರಾಮಿಗೆ ೫೭೦ ಲೀಟರ್! ಯಾವ ಅಡಿಗೆಮನೆ ಇದನ್ನು ಒದಗಿಸೀತು? ಅಷ್ಟೇ ಅಲ್ಲ, ಕರಗಿದ ಸುಣ್ಣ ಎಲ್ಲಿಗೆ ಹೋಗುತ್ತದೆ? ಕೊಳದೊಳಕ್ಕೆ ಹರಿಯಬಿಟ್ಟರೆ ನೀರಿನ ಗಡಸುತನ ಲೀಟರಿಗೆ ೫೦ ಮಿಲಿಗ್ರಾಂ ಏರಿ, ಮುಂದಿನ ಪಟ್ಟೆಗೆ ಸರಕು ಸಿದ್ಧವಾಗುತ್ತದೆ.

ಬಲವಾದ ಹೈಡ್ರೋಕ್ಲೋರಿಕ್ ಆಮ್ಲದತ್ತ ಕೆಲಸಗಾರರ ಕೈ ಹೋಗುವುದು ಈ ಕಾರಣದಿಂದಲೇ. ಅದು ಕೆಲವೇ ನಿಮಿಷಗಳಲ್ಲಿ ಕೆಲಸ ಮುಗಿಸುತ್ತದೆ. ಆದರೆ ಆಮ್ಲಕ್ಕೆ ನಮ್ಮ ಸುಣ್ಣ ಬೇರೆ, ಕೊಳದ ಸುಣ್ಣ ಬೇರೆ ಎಂಬ ಭೇದವಿಲ್ಲ. ಟೈಲುಗಳ ಸಂದನ್ನು ತುಂಬಿರುವ ಸಿಮೆಂಟಿನಲ್ಲಿಯೂ ಕ್ಯಾಲ್ಸಿಯಂ ಸಂಯುಕ್ತಗಳೇ ಇರುವುದು. ಟೈಲಿನ ಗಾಜಿನಂತಹ ಮೆರುಗು ಹೈಡ್ರೋಕ್ಲೋರಿಕ್ ಆಮ್ಲವನ್ನು ತಾಳಿಕೊಳ್ಳುತ್ತದೆ, ಸಂದು ತಾಳದು. ವರ್ಷವರ್ಷವೂ ಆಮ್ಲ ಕುಡಿದ ಕೊಳದಲ್ಲಿ ಟೈಲುಗಳು ಹೊಳೆಯುತ್ತಲೇ ಒಂದೊಂದಾಗಿ ಕಳಚಿ ಬೀಳುತ್ತವೆ. ಅಮೃತಶಿಲೆಯ ಅಥವಾ ಸುಣ್ಣಕಲ್ಲಿನ ಬಿಲ್ಲೆಗಳಾದರೆ ಬಿಲ್ಲೆಯೇ ಕರಗುತ್ತದೆ. ತುಕ್ಕು ತೆಗೆಯುವ ಕೆಲವು ದ್ರವಗಳಲ್ಲಿ ಹೈಡ್ರೋಫ್ಲೋರಿಕ್ ಆಮ್ಲವೋ ಅದರ ಲವಣಗಳೋ ಇರುತ್ತವೆ. ಅವು ಗಾಜನ್ನೂ ತಿನ್ನುತ್ತವೆ, ಚರ್ಮದ ಮೂಲಕ ಮೂಳೆಯ ವರೆಗೂ ಇಳಿಯುತ್ತವೆ. ಅವನ್ನು ದೂರವಿಡುವುದೇ ಲೇಸು.

ಹಾಗಾದರೆ ಮಾರ್ಗವೇನು? ಹೆಚ್ಚಿನ ಪಾಲನ್ನು ಉಜ್ಜಿ ತೆಗೆದು, ಉಳಿದ ತೆಳುಪೊರೆಗೆ ಮಾತ್ರ ಸೌಮ್ಯವಾದ ಆಮ್ಲವನ್ನು ಬಳಸುವುದು. ಉಜ್ಜುವುದಕ್ಕೂ ಒಂದು ಶಾಸ್ತ್ರವಿದೆ. ಜರ್ಮನಿಯ ಖನಿಜಶಾಸ್ತ್ರಜ್ಞ ಫ್ರೀಡ್ರಿಖ್ ಮೋಸ್ ೧೮೧೨ರಲ್ಲಿ ಖನಿಜಗಳನ್ನು ಗಡಸಿನ ಕ್ರಮದಲ್ಲಿ ಒಂದರಿಂದ ಹತ್ತರ ವರೆಗೆ ಜೋಡಿಸಿದ. ಕ್ಯಾಲ್ಸೈಟಿನ ಸ್ಥಾನ ಮೂರು. ಗಾಜಿನ ಸ್ಥಾನ ಐದೂವರೆಯ ಸುಮಾರು. ಉಜ್ಜುವ ವಸ್ತು ಹಕ್ಕಳೆಗಿಂತ ಗಡಸಾಗಿ ಟೈಲಿನ ಮೆರುಗಿಗಿಂತ ಮೃದುವಾಗಿದ್ದರೆ ಹಕ್ಕಳೆಗೆ ಗೀರು ಬೀಳುತ್ತದೆ, ಮೆರುಗು ಉಳಿಯುತ್ತದೆ. ಜ್ವಾಲಾಮುಖಿಯ ನೊರೆ ಹೆಪ್ಪುಗಟ್ಟಿ ಆದ ಪ್ಯೂಮಿಸ್ ಕಲ್ಲನ್ನು ಈ ಕೆಲಸಕ್ಕೆ ಹಿಂದಿನಿಂದಲೂ ಬಳಸುತ್ತಾರೆ. ಅದೂ ಗಾಜೇ ಆದ್ದರಿಂದ ಗಡಸಿನಲ್ಲಿ ಮೆರುಗಿಗೆ ಸರಿಸಮಾನ. ಆದರೆ ಸರಂಧ್ರವಾಗಿ ಸುಲಭವಾಗಿ ಪುಡಿಯಾಗುವುದರಿಂದ ನೀರಿನಲ್ಲಿ ನೆನೆಸಿ ಹಗುರವಾಗಿ ಉಜ್ಜಿದರೆ ಪಿಂಗಾಣಿ ಟೈಲನ್ನು ಕೆಡಿಸದು. ಗಾಜಿನ ಟೈಲಿನ ಮೇಲೆ ಅದನ್ನು ಆಡಿಸಬಾರದು. ಉಕ್ಕಿನ ತಂತಿಯ ಬ್ರಷ್ಷನ್ನಂತೂ ಎಲ್ಲಿಯೂ ಕೂಡದು. ಅದರಿಂದ ಉದುರಿದ ಉಕ್ಕಿನ ಚೂರುಗಳು ಸಂದುಗಳಲ್ಲಿ ಕುಳಿತು ತುಕ್ಕಾಗಿ, ಬಿಳಿಯ ಕಲೆ ಹೋದ ಕಡೆ ಕಂದು ಕಲೆ ಬರುತ್ತದೆ.

ಮೊದಲು ನೀರಿನ ಮಟ್ಟವನ್ನು ಒಂದು ಗೇಣು ಇಳಿಸಿಕೊಳ್ಳಬೇಕು. ಕೊಳವನ್ನು ಪೂರ್ತಿ ಬರಿದುಮಾಡುವ ಆವಶ್ಯಕತೆಯಿಲ್ಲ. ಮಳೆಗಾಲದಲ್ಲಿ ಹಾಗೆ ಮಾಡುವುದು ಅಪಾಯಕರವೂ ಹೌದು: ಸುತ್ತಲಿನ ನೆಲದಲ್ಲಿ ತುಂಬಿದ ನೀರು ಬರಿದಾದ ತೊಟ್ಟಿಯನ್ನು ದೋಣಿಯಂತೆ ಮೇಲಕ್ಕೆ ಒತ್ತಿ ತಳವನ್ನು ಬಿರಿಯಿಸಬಲ್ಲದು. ಉಜ್ಜಿದ ಪುಡಿಯನ್ನು ಒದ್ದೆ ಬಟ್ಟೆಯಿಂದ ಒರೆಸಿ ಹೊರಗೆ ಹಾಕಬೇಕು. ಆಮೇಲೆ ಒಂದು ಲೀಟರ್ ನೀರಿಗೆ ೫೦ ಗ್ರಾಂ ಸಿಟ್ರಿಕ್ ಆಮ್ಲದ ಹರಳು ಬೆರೆಸಿದ ದ್ರಾವಣವನ್ನು ಸ್ಪಂಜಿನಿಂದ ಹಚ್ಚಿ, ಐದಾರು ನಿಮಿಷ ಬಿಟ್ಟು, ನೈಲಾನ್ ಬ್ರಷ್ಷಿನಿಂದ ತಿಕ್ಕಿ ತೊಳೆಯಬೇಕು. ಹೆಚ್ಚು ಹೊತ್ತು ಬಿಟ್ಟರೆ ಅಷ್ಟಾಗಿ ಕರಗದ ಕ್ಯಾಲ್ಸಿಯಂ ಸಿಟ್ರೇಟ್ ಹೊಸದೊಂದು ಬಿಳಿಯ ಪೊರೆಯಾಗಿ ಕೂರುತ್ತದೆ. ಕಬ್ಬಿಣದ ಕಲೆಗೆ 'ಸಿ' ಜೀವಸತ್ವದ ಪುಡಿ ಸಾಕು. ಹಕ್ಕಳೆ ಕಲ್ಲಾಗಿ ಬೇರೂರಿದ್ದರೆ ಗಾಜಿನ ಸಣ್ಣ ಗುಂಡುಗಳನ್ನೋ ಮೃದುವಾದ ಲವಣದ ಹರಳುಗಳನ್ನೋ ಗಾಳಿಯ ಒತ್ತಡದಿಂದ ಎರಚಿ ತೆಗೆಯುವ ಯಂತ್ರಗಳಿವೆ. ಅದು ನುರಿತವರ ಕೆಲಸ.

ತಳದಲ್ಲಿ ನಿಂತವನ ಉಸಿರು

ಯಾವ ಪಟ್ಟೆಗಿಂತಲೂ ಮುಖ್ಯವಾದ ಮಾತೊಂದು ಉಳಿದಿದೆ. ಈಜುಕೊಳದ ಉಗ್ರಾಣದಲ್ಲಿ ಆಮ್ಲದ ಕ್ಯಾನು ಮತ್ತು ಹೈಪೊಕ್ಲೋರೈಟಿನ ಕ್ಯಾನು ಅಕ್ಕಪಕ್ಕದಲ್ಲಿರುತ್ತವೆ. ಎರಡೂ ಕೊಳೆ ತೆಗೆಯುವಂಥವು, ಬೆರೆಸಿದರೆ ಇಮ್ಮಡಿ ಫಲ ಬಂದೀತೆಂದು ತೋರುವುದು ಸಹಜ. ಆದರೆ ಬರುವುದು ಕ್ಲೋರಿನ್ ಅನಿಲ. ೧೭೭೪ರಲ್ಲಿ ಸ್ವೀಡನ್ನಿನ ಷೀಲೆ ಮೊದಲ ಬಾರಿಗೆ ಕ್ಲೋರಿನ್ನನ್ನು ತಯಾರಿಸಿದ್ದು ಹೈಡ್ರೋಕ್ಲೋರಿಕ್ ಆಮ್ಲವನ್ನು ಮ್ಯಾಂಗನೀಸ್ ಡೈಆಕ್ಸೈಡಿನೊಡನೆ ಕಾಯಿಸಿ. ಹೈಪೊಕ್ಲೋರೈಟಾದರೆ ಕಾಯಿಸುವ ಶ್ರಮವೂ ಬೇಡ, ಸುರಿದ ಕ್ಷಣದಲ್ಲಿಯೇ ಹಸುರುಹಳದಿ ಹೊಗೆ ಏಳುತ್ತದೆ. ೧೯೧೫ರ ಏಪ್ರಿಲ್ ೨೨ರಂದು ಬೆಲ್ಜಿಯಮ್ಮಿನ ಈಪ್ರ ನಗರದ ಬಳಿ ಯುದ್ಧದ ಕಂದಕಗಳಲ್ಲಿದ್ದ ಸೈನಿಕರ ಮೇಲೆ ಜರ್ಮನ್ ಸೈನ್ಯ ಬಿಟ್ಟದ್ದು ಇದೇ ಅನಿಲವನ್ನು. ಕ್ಲೋರಿನ್ ಗಾಳಿಗಿಂತ ಎರಡೂವರೆಯಷ್ಟು ಭಾರ. ಅದು ಮೇಲೇರಿ ಚದರದೆ ತಗ್ಗನ್ನು ಹುಡುಕಿಕೊಂಡು ಇಳಿಯುತ್ತದೆ. ಕಂದಕಗಳಲ್ಲಿ ಅದು ಅಷ್ಟು ಘಾತುಕವಾದದ್ದು ಈ ಗುಣದಿಂದಲೇ. ಬರಿದುಮಾಡಿದ ಈಜುಕೊಳವೂ ಒಂದು ಕಂದಕವೇ ಅಲ್ಲವೆ? ಅದರ ತಳದಲ್ಲಿ ಬಗ್ಗಿ ಉಜ್ಜುತ್ತಿರುವ ಕೆಲಸಗಾರನ ಮೂಗು ಅನಿಲ ತುಂಬುವ ಮಟ್ಟದಲ್ಲಿಯೇ ಇರುತ್ತದೆ. ಹೊರಬರಲು ಇರುವುದು ಒಂದೇ ಏಣಿ.

ಆದುದರಿಂದ ಆಮ್ಲವನ್ನೂ ಕ್ಲೋರಿನ್ನಿನ ಯಾವ ಪದಾರ್ಥವನ್ನೂ ಒಂದೇ ಬಕೆಟ್ಟು, ಒಂದೇ ಅಳತೆಯ ಪಾತ್ರೆ, ಒಂದೇ ಬ್ರಷ್ಷಿಗೆ ತಾಗಿಸಬಾರದು. ಚಲುವೆ ಪುಡಿ ಚೆಲ್ಲಿದ ನೆಲದ ಮೇಲೆ ವಿನಿಗರೂ ಕೂಡದು. ಅಮೋನಿಯವಿರುವ ಶೋಧಕಗಳನ್ನು ಹೈಪೊಕ್ಲೋರೈಟಿಗೆ ಬೆರೆಸಿದರೆ ಕ್ಲೋರಮೀನೆಂಬ ಇನ್ನೊಂದು ವಿಷ ಹುಟ್ಟುತ್ತದೆ. ಎರಡು ಬಗೆಯ ಕ್ಲೋರಿನ್ ಪುಡಿಗಳನ್ನು ಒಂದೇ ಡಬ್ಬಿಗೆ ತುಂಬಿದರೆ ಬೆಂಕಿ ಹತ್ತಬಹುದು, ಸಿಡಿಯಲೂಬಹುದು. ಆಮ್ಲವನ್ನು ತಿಳಿಯಾಗಿಸುವಾಗ ನೀರಿಗೆ ಆಮ್ಲ ಹಾಕಬೇಕೇ ಹೊರತು ಆಮ್ಲಕ್ಕೆ ನೀರನ್ನಲ್ಲ. ಕೈಗೆ ರಬ್ಬರು ಗವಸು, ಕಣ್ಣಿಗೆ ಕನ್ನಡಕ, ಕಾಲಿಗೆ ಬೂಟು, ದಂಡೆಯ ಮೇಲೆ ಇನ್ನೊಬ್ಬ ಮನುಷ್ಯ, ಇಷ್ಟಿಲ್ಲದೆ ಯಾರನ್ನೂ ಕೊಳದೊಳಕ್ಕೆ ಇಳಿಸಬಾರದು. ಬರಿಗಾಲಿನಲ್ಲಿ, ಮೂಗಿಗೆ ಟವೆಲು ಕಟ್ಟಿಕೊಂಡು ಆಮ್ಲ ಎರಚುವ ಕೆಲಸಗಾರರನ್ನು ಈಗಲೂ ಕಾಣುತ್ತೇವೆ. ಟವೆಲು ಅನಿಲವನ್ನು ತಡೆಯದು. ಘಾಟು ಬಂದೊಡನೆ ಕೆಲಸವನ್ನು ಅಲ್ಲಿಯೇ ಬಿಟ್ಟು ಮೇಲಕ್ಕೆ ಹತ್ತಿ, ಗಾಳಿ ಬೀಸಿ ಬರುವ ದಿಕ್ಕಿಗೆ ಸರಿಯಬೇಕು. ಉಸಿರಿನೊಡನೆ ಕ್ಲೋರಿನ್ ಒಳಗೆ ಹೋದವರು ಮೊದಲು ಸುಧಾರಿಸಿದಂತೆ ಕಂಡರೂ ಹಲವು ಗಂಟೆಗಳ ಬಳಿಕ ಶ್ವಾಸಕೋಶಗಳಲ್ಲಿ ನೀರು ತುಂಬಬಹುದಾದ್ದರಿಂದ ವೈದ್ಯರಲ್ಲಿಗೆ ತಡಮಾಡದೆ ಕರೆದೊಯ್ಯಬೇಕು.

ಪಟ್ಟೆ ದಪ್ಪವಾಗದಂತೆ ನೋಡಿಕೊಂಡರೆ ಈ ಸಾಹಸಗಳ ಅಗತ್ಯವೇ ಬೀಳದು. ವಾರಕ್ಕೊಮ್ಮೆ ನೀರಿನ ಅಂಚನ್ನು ನೈಲಾನ್ ಬ್ರಷ್ಷಿನಿಂದ ತಿಕ್ಕಿದರೆ ಹರಳುಗಳು ಬೇರೂರುವ ಮೊದಲೇ ಕಳಚುತ್ತವೆ. ಬಳಸದ ವೇಳೆಯಲ್ಲಿ ಕೊಳದ ಮೇಲೆ ಹೊದಿಕೆ ಹಾಸಿದರೆ ಆವಿಯಾಗುವುದು ತಗ್ಗುತ್ತದೆ, ಅದರೊಡನೆ ದಿನವೂ ತುಂಬಬೇಕಾದ ಗಡಸು ನೀರೂ ತಗ್ಗುತ್ತದೆ. ಹಳೆಯ ನೀರನ್ನು ಚೆಲ್ಲಿ ಹೊಸದನ್ನು ತುಂಬುವುದು ಹಿಂದಿನ ಪದ್ಧತಿ. ಆದರೆ ೨೦೨೪ರ ಮಾರ್ಚಿಯಲ್ಲಿ ಬೆಂಗಳೂರಿನ ಜಲಮಂಡಳಿಯು ನೀರಿನ ಅಭಾವದಿಂದಾಗಿ ಈಜುಕೊಳಗಳಿಗೆ ಕುಡಿಯುವ ನೀರು ಬಳಸುವುದನ್ನೇ ನಿಷೇಧಿಸಬೇಕಾಗಿ ಬಂದಿತ್ತು. ಅಂತಹ ಊರಿನಲ್ಲಿ ಆ ಪದ್ಧತಿ ಹೇಗೆ ಸಲ್ಲುತ್ತದೆ? ಚಾವಣಿಯ ಮೇಲೆ ಬಿದ್ದ ಮಳೆಯ ನೀರಿನಲ್ಲಿ ಕಲ್ಲು ಇರುವುದಿಲ್ಲವೆಂಬಷ್ಟು ಕಡಮೆ. ಅದನ್ನೊಂದೇ ತುಂಬಿದರೆ ಸಂದಿನ ಸಿಮೆಂಟನ್ನು ತಿನ್ನುತ್ತದೆಂಬುದನ್ನು ಮೇಲೆ ಹೇಳಿದ್ದೇವೆ. ಲೀಟರಿಗೆ ೪೦೦ ಮಿಲಿಗ್ರಾಂ ಗಡಸುತನದ ಕೊಳವೆಬಾವಿಯ ನೀರಿಗೆ ಅಷ್ಟೇ ಮಳೆನೀರನ್ನು ಸೇರಿಸಿದರೆ ೨೦೦ ಆಗುತ್ತದೆ. ಅಂತಹ ನೀರನ್ನೇ ತುಂಬಿ, ಆವಿಯಾದಷ್ಟನ್ನು ಅದರಿಂದಲೇ ಭರ್ತಿಮಾಡುತ್ತ ಹೋದರೆ ನಮ್ಮ ಲೆಕ್ಕದ ಕೊಳದಲ್ಲಿ ಗಡಸುತನ ತಿಂಗಳಿಗೆ ೨೦ ಮಿಲಿಗ್ರಾಮಿನಂತೆ ಏರಿ, ೪೦೦ರ ಮಿತಿಯನ್ನು ಮುಟ್ಟಲು ಹತ್ತು ತಿಂಗಳು ಹಿಡಿಯುತ್ತದೆ. ಶ್ರಾವಣದಲ್ಲಿ ತುಂಬಿದ ಕೊಳವಾದರೆ ಅಷ್ಟರಲ್ಲಿ ಮುಂದಿನ ಮುಂಗಾರು ಬಂದಿರುತ್ತದೆ.